ತೆರೆದ ಮುರಿತ ಕಾಗದದ ಮೇಲೆ ಮುಚ್ಚಿಹೋಗದಿರಲಿ: ಆರೋಗ್ಯ ಇಲಾಖೆಗೆ ಒಂದು ಬಹಿರಂಗ ಪತ್ರ

ಕರ್ನಾಟಕ ಸರ್ಕಾರದ ಆರೋಗ್ಯ ಮತ್ತು ಕುಟುಂಬ ಕಲ್ಯಾಣ ಇಲಾಖೆಯ ಆಯುಕ್ತರಿಗೆ, ಸುವರ್ಣ ಆರೋಗ್ಯ ಸುರಕ್ಷಾ ಟ್ರಸ್ಟ್‌ನ ಕಾರ್ಯನಿರ್ವಾಹಕ ನಿರ್ದೇಶಕರಿಗೆ ಹಾಗೂ ರಾಜ್ಯದ ಆಸ್ಪತ್ರೆಗಳ ಮೂಳೆ ಶಸ್ತ್ರಚಿಕಿತ್ಸಾ ವಿಭಾಗಗಳ ಮುಖ್ಯಸ್ಥರಿಗೆ

ಮಾನ್ಯರೇ,

ರಸ್ತೆ ಅಪಘಾತದಲ್ಲಿ ತೊಡೆಮೂಳೆ ಮುರಿದು, ಮುರಿದ ತುದಿ ಸ್ನಾಯುವನ್ನೂ ಚರ್ಮವನ್ನೂ ಹರಿದು ಹೊರಗಿನ ಗಾಳಿ ಮಣ್ಣುಗಳ ಸಂಪರ್ಕಕ್ಕೆ ಬಂದರೆ ಅದನ್ನು ತೆರೆದ ಮುರಿತ ಎನ್ನುತ್ತಾರೆ. ಆಸ್ಪತ್ರೆಯ ಮಾತಿನಲ್ಲಿ ಓಪನ್ ಫ್ರ್ಯಾಕ್ಚರ್, ಹಳಬರ ಬಾಯಲ್ಲಿ ಕಾಂಪೌಂಡ್ ಫ್ರ್ಯಾಕ್ಚರ್. ಇಂಥ ಗಾಯಾಳು ಶಸ್ತ್ರಚಿಕಿತ್ಸೆ ಮುಗಿಸಿಕೊಂಡು ಮನೆಗೆ ಹೊರಡುವ ಹೊತ್ತಿಗೆ ಆತನ ಮುರಿತ ಕಾಗದದ ಮೇಲೆ ಮುಚ್ಚಿದ ಮುರಿತವಾಗಿ ಬದಲಾಗಿರುವುದನ್ನು ನಾನು ಮತ್ತೆ ಮತ್ತೆ ಕಂಡಿದ್ದೇನೆ. ಇದರಲ್ಲಿ ಯಾರೂ ಸುಳ್ಳು ಬರೆದಿರುವುದಿಲ್ಲ. ಡಿಸ್ಚಾರ್ಜ್ ಸಮರಿಯಲ್ಲಿ, ಅಂದರೆ ಆಸ್ಪತ್ರೆಯಿಂದ ಬಿಡುವಾಗ ಕೊಡುವ ಚಿಕಿತ್ಸೆಯ ಸಾರಾಂಶದಲ್ಲಿ, ಬರೆಯಬೇಕಾಗಿದ್ದ ಒಂದು ವಿವರ ಬಿಟ್ಟುಹೋಗಿರುತ್ತದೆ, ಮತ್ತು ಅದು ಬಿಟ್ಟುಹೋದರೆ ಏನೆಂದು ತಿಳಿಯಬೇಕೆಂಬುದನ್ನು ನಿಯಮವೇ ಮೊದಲು ತೀರ್ಮಾನಿಸಿಬಿಟ್ಟಿರುತ್ತದೆ. ಆ ನಿಯಮ ನಮ್ಮ ಆಸ್ಪತ್ರೆಗಳಲ್ಲಿ ಉಂಟುಮಾಡುವ ನಷ್ಟವನ್ನೂ, ಹೆಚ್ಚು ಖರ್ಚಿಲ್ಲದೆ ಮಾಡಬಹುದಾದ ತಿದ್ದುಪಡಿಯನ್ನೂ ತಮ್ಮ ಗಮನಕ್ಕೆ ತರಲು ಈ ಪತ್ರ ಬರೆಯುತ್ತಿದ್ದೇನೆ.

ನಾನು ವೈದ್ಯನಲ್ಲ. ವೈದ್ಯರು ಬರೆದ ರೋಗನಿರ್ಣಯವನ್ನು ಓದಿ, ಅದಕ್ಕೆ ಅಂತಾರಾಷ್ಟ್ರೀಯ ರೋಗ ವರ್ಗೀಕರಣದ, ಅಂದರೆ ಐಸಿಡಿಯ, ಕೋಡ್ ಹಾಕುವುದು ನನ್ನ ವೃತ್ತಿ. ಮೊದಲು ಒಂದು ಆಸ್ಪತ್ರೆಯ ವೈದ್ಯಕೀಯ ದಾಖಲೆಗಳ ವಿಭಾಗದಲ್ಲಿದ್ದೆ. ಅನಂತರ ಬೆಂಗಳೂರಿನಲ್ಲಿಯೇ ಕುಳಿತು ಅಮೆರಿಕದ ಆಸ್ಪತ್ರೆಗಳ ಕಡತಗಳಿಗೆ ಕೋಡ್ ಹಾಕುವ ಕೆಲಸಕ್ಕೆ ಸೇರಿದೆ. ಎರಡೂ ಕಡೆ ಮುರಿಯುವ ಮೂಳೆ ಒಂದೇ. ಅದರ ಬಗ್ಗೆ ವೈದ್ಯರು ಬರೆದಿಡುವುದರಲ್ಲಿ ಮಾತ್ರ ನಂಬಲಾಗದಷ್ಟು ಅಂತರವಿದೆ.

ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10ರಲ್ಲಿ ತೊಡೆಮೂಳೆಯ ಮುರಿತಗಳಿಗೆ ಎಸ್72 ಎಂಬ ವರ್ಗವಿದೆ. ಮೂಳೆಯ ಕುತ್ತಿಗೆ ಮುರಿದರೆ ಎಸ್72.0, ಅದರ ಕೆಳಗಿನ ಟ್ರೊಕ್ಯಾಂಟರ್ ಭಾಗ ಮುರಿದರೆ ಎಸ್72.1, ಇನ್ನೂ ಸ್ವಲ್ಪ ಕೆಳಗಾದರೆ ಎಸ್72.2, ಉದ್ದನೆಯ ಕಾಂಡ ಮುರಿದರೆ ಎಸ್72.3, ಮೊಣಕಾಲಿನ ಹತ್ತಿರದ ಕೆಳತುದಿ ಮುರಿದರೆ ಎಸ್72.4. ಎಲ್ಲಿ ಮುರಿಯಿತೆಂದು ವೈದ್ಯರು ಬರೆಯದಿದ್ದರೆ ಎಸ್72.9 ಎಂಬ ಗುಂಡಿ ಇದೆ. ಅದರೊಳಗೆ ಬಿದ್ದ ಮುರಿತ ಮತ್ತೆ ಯಾವ ಲೆಕ್ಕಕ್ಕೂ ಸಿಗುವುದಿಲ್ಲ. ಮುರಿತ ತೆರೆದದ್ದೋ ಮುಚ್ಚಿದ್ದೋ ಎಂದು ತೋರಿಸಲು ಇದೇ ಕೋಡಿನ ಕೊನೆಗೆ ಇನ್ನೊಂದು ಅಂಕಿಯನ್ನು ಸೇರಿಸಬಹುದು: ಮುಚ್ಚಿದ್ದಕ್ಕೆ 0, ತೆರೆದದ್ದಕ್ಕೆ 1. ಕಾಂಡದ ತೆರೆದ ಮುರಿತ ಹೀಗೆ ಎಸ್72.31 ಆಗುತ್ತದೆ. ಆದರೆ ಈ ಐದನೆಯ ಸ್ಥಾನ ಕಡ್ಡಾಯವಲ್ಲ, ಐಚ್ಛಿಕ. ಅದನ್ನು ಬಳಸುವವರಿಗೂ ಅದೇ ಪುಟದಲ್ಲಿ ಒಂದು ಸೂಚನೆ ಇದೆ: ತೆರೆದದ್ದು ಅಥವಾ ಮುಚ್ಚಿದ್ದು ಎಂದು ನಮೂದಿಸದ ಮುರಿತವನ್ನು ಮುಚ್ಚಿದ ಮುರಿತವೆಂದೇ ವರ್ಗೀಕರಿಸಬೇಕು.

ನಿಯಮವನ್ನು ರೂಪಿಸಿದವರ ತರ್ಕ ಅರ್ಥವಾಗದ್ದೇನಲ್ಲ. ಮುರಿತಗಳಲ್ಲಿ ಮುಚ್ಚಿದವೇ ಬಹುಪಾಲು, ಆದ್ದರಿಂದ ಸಂದೇಹ ಬಂದಾಗ ಅತ್ತ ವಾಲುವುದು ಸರಿ ಎಂದು ಅವರು ಭಾವಿಸಿರಬೇಕು. ಎಚ್ಚರಿಕೆಯಿಂದ ಬರೆಯುವ ಆಸ್ಪತ್ರೆಯಲ್ಲಿ ಇದರಿಂದ ತೊಂದರೆಯಾಗದು; ಅಲ್ಲಿ ತೆರೆದ ಮುರಿತವನ್ನು ಯಾರಾದರೊಬ್ಬರು ತೆರೆದ ಮುರಿತವೆಂದು ಬರೆದೇ ಬರೆಯುತ್ತಾರೆ. ಅವಸರದಲ್ಲಿ ಬರೆಯುವ ಆಸ್ಪತ್ರೆಯಲ್ಲಿ ಇದೇ ನಿಯಮ ಅತಿ ಗಂಭೀರ ಗಾಯಗಳನ್ನು ಸದ್ದಿಲ್ಲದೆ ಸಾಮಾನ್ಯ ಗಾಯಗಳ ರಾಶಿಗೆ ತಳ್ಳುತ್ತದೆ. ಕೋಡ್ ಹಾಕುವವನಿಗೆ ಊಹಿಸುವ ಅಧಿಕಾರವಿಲ್ಲ. ಕಡತದಲ್ಲಿ ಮೂರು ಸಲ ಗಾಯ ತೊಳೆದ ಬಿಲ್ ಇದ್ದರೂ, ಚರ್ಮ ಕಸಿಯ ಟಿಪ್ಪಣಿ ಇದ್ದರೂ, ವೈದ್ಯರು ಆ ಮಾತನ್ನು ಬರೆಯುವ ತನಕ ಅವನು ಅದನ್ನು ತೆರೆದ ಮುರಿತವೆನ್ನುವಂತಿಲ್ಲ. ವೈದ್ಯರನ್ನು ಕೇಳಿ ತಿಳಿದುಕೊಳ್ಳಬಹುದು, ನಿಜ. ಅಷ್ಟು ಹೊತ್ತಿಗೆ ಸಮರಿ ಬರೆದ ಹೌಸ್ ಸರ್ಜನ್‌ನ ಪೋಸ್ಟಿಂಗ್ ಬದಲಾಗಿ ಅವರು ಬೇರೆ ವಿಭಾಗದಲ್ಲಿರುತ್ತಾರೆ.

ಆ ಒಂದು ವಿವರ ಎಲ್ಲಿ ಕಳೆದುಹೋಗುತ್ತದೆ ಎಂಬುದನ್ನು ಹಂತಹಂತವಾಗಿ ನೋಡಬೇಕು, ಏಕೆಂದರೆ ತಿದ್ದುಪಡಿಯೂ ಅಲ್ಲಿಯೇ ಆಗಬೇಕಾಗಿದೆ. ಬೈಕ್ ಅಪಘಾತದ ಗಾಯಾಳು ಮೊದಲು ತಲುಪುವುದು ಹತ್ತಿರದ ತಾಲ್ಲೂಕು ಆಸ್ಪತ್ರೆಗೋ ಹೆದ್ದಾರಿ ಬದಿಯ ನರ್ಸಿಂಗ್ ಹೋಮಿಗೋ. ತೊಡೆಯ ತೆರೆದ ಗಾಯ ಯಾವಾಗಲೂ ಭೀಕರವಾಗಿಯೇ ಕಾಣಬೇಕೆಂದಿಲ್ಲ. ಮುರಿದ ಮೂಳೆಯ ಚೂಪು ತುದಿ ಒಳಗಿನಿಂದ ಚರ್ಮವನ್ನು ಚುಚ್ಚಿ ಹೊರಬಂದು, ಕಾಲನ್ನು ನೇರ ಮಾಡಿದಾಗ ಮತ್ತೆ ಒಳಗೆ ಸರಿದುಹೋಗಿರಬಹುದು. ಉಳಿಯುವುದು ಒಂದು ಸೆಂಟಿಮೀಟರಿಗಿಂತ ಚಿಕ್ಕ ರಂಧ್ರ ಮತ್ತು ಅದರಿಂದ ಜಿನುಗುವ, ಕೊಬ್ಬಿನ ಹನಿಗಳು ತೇಲುವ ಕಪ್ಪು ರಕ್ತ. ಆ ರಂಧ್ರ ಮುರಿತದ ನೇರ ಮೇಲೆಯೇ ಇರಬೇಕೆಂದೂ ಇಲ್ಲ. ಅಲ್ಲಿಯ ಡ್ಯೂಟಿ ಡಾಕ್ಟರು ಒಂದೆರಡು ಹೊಲಿಗೆ ಹಾಕಿ, ಡ್ರೆಸಿಂಗ್ ಮಾಡಿ, ಕಾಲನ್ನು ಅಲುಗಾಡದಂತೆ ಹಿಡಿದಿಡುವ ಥಾಮಸ್ ಸ್ಪ್ಲಿಂಟ್ ಕಟ್ಟಿ ಜಿಲ್ಲಾಸ್ಪತ್ರೆಗೆ ಕಳುಹಿಸುತ್ತಾರೆ. ರೆಫರಲ್ ಚೀಟಿಯಲ್ಲಿ ತೊಡೆಮೂಳೆ ಮುರಿತ ಒಂದು ಸಾಲು, ಹರಿದ ಗಾಯ ಇನ್ನೊಂದು ಸಾಲು. ಎರಡಕ್ಕೂ ಸಂಬಂಧವಿದೆಯೆಂದು ಯಾರೂ ಬರೆದಿರುವುದಿಲ್ಲ.

ದೊಡ್ಡಾಸ್ಪತ್ರೆಯಲ್ಲಿ ಎಕ್ಸ್‌ರೇ ತೆಗೆಯುತ್ತಾರೆ. ಎಕ್ಸ್‌ರೇ ಮೂಳೆಯನ್ನು ತೋರಿಸುತ್ತದೆ, ಚರ್ಮದ ರಂಧ್ರವನ್ನಲ್ಲ. ರೇಡಿಯಾಲಜಿ ವರದಿಯಲ್ಲಿ ಕಾಂಡದ ಮಧ್ಯಭಾಗದ ಚೂರುಚೂರಾದ ಮುರಿತ ಎಂದಷ್ಟೇ ಬರುತ್ತದೆ. ಶಸ್ತ್ರಚಿಕಿತ್ಸಕರು ಆಪರೇಷನ್ ಥಿಯೇಟರಿನಲ್ಲಿ ಗಾಯವನ್ನು ಬಿಡಿಸಿ, ಸತ್ತ ಸ್ನಾಯುವನ್ನು ಕತ್ತರಿಸಿ, ಲೀಟರುಗಟ್ಟಲೆ ಸಲೈನಿನಿಂದ ತೊಳೆದು, ಎಕ್ಸ್‌ಟರ್ನಲ್ ಫಿಕ್ಸೇಟರ್ (ಮೂಳೆಯನ್ನು ಹೊರಗಿನಿಂದ ಹಿಡಿದಿಡುವ ಚೌಕಟ್ಟು) ಅಥವಾ ನೈಲ್ (ಮೂಳೆಯೊಳಗೆ ಕೂರಿಸುವ ರಾಡ್) ಹಾಕುತ್ತಾರೆ. ಗಾಯದ ನಿಜವಾದ ಸ್ವರೂಪ ಗೊತ್ತಾಗುವುದು ಈ ಹೊತ್ತಿಗೆ, ಈ ಒಬ್ಬರಿಗೆ. ಅವರು ಓಟಿ ಟಿಪ್ಪಣಿಯಲ್ಲಿ ಅದನ್ನು ಬರೆದಿರಲೂಬಹುದು. ಕೊನೆಯ ದಿನ ಕಿರಿಯ ವೈದ್ಯರು ಸಮರಿ ಬರೆಯುವಾಗ ಮಾತ್ರ ಅದು 'ಬಲ ತೊಡೆಮೂಳೆ ಕಾಂಡದ ಮುರಿತ, ಇಂಟರ್‌ಲಾಕಿಂಗ್ ನೈಲಿಂಗ್ ಮಾಡಲಾಗಿದೆ' ಎಂದು ಕುಗ್ಗುತ್ತದೆ. ದಾಖಲೆ ವಿಭಾಗದವರು ಓದುವುದು ಇದನ್ನು. ವಿಮೆಯ ಕ್ಲೇಮ್ ಫಾರಮಿನಲ್ಲಿ ಆಸ್ಪತ್ರೆ ತುಂಬಬೇಕಾದ ಭಾಗದ ಐಸಿಡಿ-10 ಕೋಡಿನ ಚೌಕಕ್ಕೆ ಇಳಿಯುವುದೂ ಇದೇ.

ತೊಡೆಮೂಳೆ ದೇಹದಲ್ಲಿಯೇ ಅತಿ ಉದ್ದದ, ಅತಿ ಗಟ್ಟಿಯಾದ ಮೂಳೆ. ಸುತ್ತಲೂ ದಪ್ಪ ಸ್ನಾಯುಗಳ ಹೊದಿಕೆ ಇದೆ. ಕಣಕಾಲಿನ ಮುಂಭಾಗದಲ್ಲಿ ಮೂಳೆಗೂ ಚರ್ಮಕ್ಕೂ ನಡುವೆ ಏನೂ ಇಲ್ಲದಿರುವುದರಿಂದ ಅಲ್ಲಿ ತೆರೆದ ಮುರಿತ ಸುಲಭವಾಗಿ ಆಗುತ್ತದೆ. ತೊಡೆಯಲ್ಲಿ ಅದಾಗಬೇಕಾದರೆ ಮೂಳೆ ಅಷ್ಟೂ ಸ್ನಾಯುವನ್ನು ಸೀಳಿಕೊಂಡು ಬರಬೇಕು. ಆದ್ದರಿಂದಲೇ ಹೊರಗಿನ ರಂಧ್ರ ಎಷ್ಟೇ ಚಿಕ್ಕದಿರಲಿ, ಬಿದ್ದ ಪೆಟ್ಟು ದೊಡ್ಡದು ಎಂದು ಮೂಳೆ ವೈದ್ಯರು ಮೊದಲೇ ಎಣಿಸುತ್ತಾರೆ. ಮುಚ್ಚಿದ ಮುರಿತದಲ್ಲಿಯೇ ತೊಡೆಯೊಳಗೆ ಒಂದರಿಂದ ಒಂದೂವರೆ ಲೀಟರ್ ರಕ್ತ ಹರಿದುಹೋಗಬಹುದು. ತೆರೆದದ್ದಾದರೆ ಇನ್ನೂ ಹೆಚ್ಚು. ಅದರ ಮೇಲೆ ಸೋಂಕು. ಪಟ್ಜಾಕಿಸ್ ಮತ್ತು ವಿಲ್ಕಿನ್ಸ್ ಎಂಬಿಬ್ಬರು 1989ರಲ್ಲಿ ಪ್ರಕಟಿಸಿದ, ಸಾವಿರಕ್ಕೂ ಹೆಚ್ಚು ತೆರೆದ ಮುರಿತಗಳ ಅಧ್ಯಯನದಲ್ಲಿ ಗಾಯವಾದ ಮೂರು ಗಂಟೆಯೊಳಗೆ ಆಂಟಿಬಯಾಟಿಕ್ ಸಿಕ್ಕವರಲ್ಲಿ ಸೋಂಕಿನ ಪ್ರಮಾಣ ಶೇ. 4.7, ತಡವಾಗಿ ಸಿಕ್ಕವರಲ್ಲಿ ಶೇ. 7.4 ಇತ್ತು. ನಮ್ಮಲ್ಲಿ ಮೊದಲ ಡೋಸ್ ಎಲ್ಲಿ, ಎಷ್ಟು ಹೊತ್ತಿಗೆ ಸಿಗುತ್ತದೆ ಎಂದು ಪರಿಶೀಲಿಸಬೇಕಾದರೆ ಮೊದಲು ಯಾವ ಕಡತಗಳನ್ನು ತೆಗೆಯಬೇಕೆಂದು ಗೊತ್ತಿರಬೇಕು. ಎಲ್ಲವೂ ಎಸ್72.3 ಎಂಬ ಒಂದೇ ಕಟ್ಟಿನಲ್ಲಿದ್ದರೆ ತೆರೆದ ಮುರಿತದ ಕಡತಗಳನ್ನು ಹುಡುಕಲು ಕಟ್ಟು ಪೂರ್ತಿ ಬಿಚ್ಚಿ ಓದಬೇಕಾಗುತ್ತದೆ. ಯಾರೂ ಓದುವುದಿಲ್ಲ.

ತೆರೆದದ್ದು ಎಂದಷ್ಟೇ ಬರೆದರೂ ಸಾಲದು. 1976ರಲ್ಲಿ ಗಸ್ಟಿಲೊ ಮತ್ತು ಆಂಡರ್ಸನ್ ಎಂಬ ಶಸ್ತ್ರಚಿಕಿತ್ಸಕರು 1,025 ತೆರೆದ ಮುರಿತಗಳ ಅನುಭವದ ಆಧಾರದ ಮೇಲೆ ಮೂರು ದರ್ಜೆಗಳನ್ನು ಮಾಡಿದರು. ಒಂದು ಸೆಂಟಿಮೀಟರಿಗಿಂತ ಚಿಕ್ಕದಾದ, ಶುಚಿಯಾದ ಗಾಯ ಮೊದಲ ದರ್ಜೆ. ಅದಕ್ಕಿಂತ ದೊಡ್ಡದಾದರೂ ಮೃದು ಅಂಗಾಂಶ ಹೆಚ್ಚು ನಾಶವಾಗಿರದಿದ್ದರೆ ಎರಡನೆಯದು. ವ್ಯಾಪಕ ನಾಶವಾಗಿದ್ದರೆ ಮೂರನೆಯದು. 1984ರಲ್ಲಿ ಗಸ್ಟಿಲೊ ಮತ್ತು ಅವರ ಸಹೋದ್ಯೋಗಿಗಳು ಮೂರನೆಯದನ್ನು ಮತ್ತೆ ಒಡೆದರು: ಮೂಳೆಯನ್ನು ಮುಚ್ಚುವಷ್ಟು ಅಂಗಾಂಶ ಉಳಿದಿದ್ದರೆ 3ಎ, ಬೇರೆಡೆಯಿಂದ ಸ್ನಾಯು ಅಥವಾ ಚರ್ಮದ ಫ್ಲ್ಯಾಪ್ ತಂದು ಮುಚ್ಚಬೇಕಾದರೆ 3ಬಿ, ರಿಪೇರಿ ಮಾಡಲೇಬೇಕಾದ ರಕ್ತನಾಳ ಹರಿದಿದ್ದರೆ 3ಸಿ. ಹೊಲದಲ್ಲಿ ಆಗಿ ಮಣ್ಣು ಗೊಬ್ಬರ ಮೆತ್ತಿದ ಗಾಯ ಹೊರಗಿನಿಂದ ಚಿಕ್ಕದಾಗಿ ಕಂಡರೂ ಅದನ್ನು ಮೂರನೆಯ ದರ್ಜೆಯೆಂದೇ ಎಣಿಸಬೇಕು ಎಂಬುದೂ ಈ ವರ್ಗೀಕರಣದ ಭಾಗ. ಟ್ರ್ಯಾಕ್ಟರ್ ಪಲ್ಟಿಯಾಗಿ ಕೆಸರು ಗದ್ದೆಯಲ್ಲಿ ತೊಡೆ ಸಿಕ್ಕಿಕೊಂಡ ರೈತನ ಗಾಯವನ್ನು ಮೊದಲ ದರ್ಜೆಯೆಂದು ಬರೆದಿದ್ದ ಸಮರಿಗಳನ್ನು ನಾನು ನೋಡಿದ್ದೇನೆ. ಅಲ್ಲಿ ಕನಿಷ್ಠ ದರ್ಜೆಯನ್ನಾದರೂ ಬರೆದಿದ್ದರಲ್ಲ ಎಂದು ಸಮಾಧಾನಪಟ್ಟುಕೊಂಡದ್ದೂ ಉಂಟು.

ಈ ವರ್ಗೀಕರಣ ದೋಷರಹಿತವಲ್ಲ. ಒಂದೇ ಗಾಯದ ವಿಡಿಯೋವನ್ನು ಹಲವು ಶಸ್ತ್ರಚಿಕಿತ್ಸಕರಿಗೆ ತೋರಿಸಿ ದರ್ಜೆ ಕೇಳಿದ 1994ರ ಒಂದು ಪ್ರಸಿದ್ಧ ಅಧ್ಯಯನದಲ್ಲಿ ಅವರ ನಡುವಿನ ಸಹಮತ ಸರಾಸರಿ ಶೇ. 60 ಮಾತ್ರ ಇತ್ತು. ಕೊಯಮತ್ತೂರಿನ ಗಂಗಾ ಆಸ್ಪತ್ರೆಯ ರಾಜಶೇಖರನ್ ಮತ್ತು ಸಂಗಡಿಗರು ಕಣಕಾಲಿನ 3ಎ, 3ಬಿ ಗಾಯಗಳಿಗಾಗಿ ರೂಪಿಸಿದ ಅಂಕಪದ್ಧತಿ ಹುಟ್ಟಿದ್ದು ಇದೇ ಅತೃಪ್ತಿಯಿಂದ. ಚರ್ಮ, ಮೂಳೆ, ಸ್ನಾಯು-ನರಗಳು ಎಂಬ ಮೂರಕ್ಕೂ ಬೇರೆಬೇರೆ ಅಂಕ ಕೊಟ್ಟು, ರೋಗಿಯ ಇತರ ತೊಂದರೆಗಳಿಗೂ ಅಂಕ ಸೇರಿಸಿ, ಒಟ್ಟು 14 ಅಥವಾ ಅದಕ್ಕಿಂತ ಕಡಿಮೆಯಿದ್ದರೆ ಕಾಲನ್ನು ಉಳಿಸಬಹುದು, 17 ಮುಟ್ಟಿದರೆ ಕತ್ತರಿಸುವ ಯೋಚನೆ ಮಾಡಬೇಕು ಎಂದು ಅದು ಹೇಳುತ್ತದೆ. ನಮ್ಮ ನೆರೆಯ ಊರಿನಲ್ಲಿ ಹುಟ್ಟಿ ಜಗತ್ತಿನ ಮೂಳೆ ವೈದ್ಯರ ಮೆಚ್ಚುಗೆ ಪಡೆದ ಪದ್ಧತಿ ಇದು. ಇಂಥ ಕೆಲಸ ಮಾಡಲು ಅವರಿಗೆ ಸಾಧ್ಯವಾದದ್ದು ಪ್ರತಿಯೊಂದು ಗಾಯವನ್ನೂ ಬಂದ ದಿನವೇ ನಿಖರವಾಗಿ ದಾಖಲಿಸಿಟ್ಟಿದ್ದರಿಂದ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನು ಅಮೆರಿಕದ ಮಾತು. ಆ ದೇಶ 2015ರ ಅಕ್ಟೋಬರ್ 1ರಿಂದ ಐಸಿಡಿ-10ರ ತನ್ನದೇ ವಿಸ್ತೃತ ರೂಪವಾದ ಐಸಿಡಿ-10-ಸಿಎಂ ಅನ್ನು ಬಳಸುತ್ತಿದೆ. ಅದರಲ್ಲಿ ತೊಡೆಮೂಳೆಯ ಕೋಡ್ ಏಳು ಸ್ಥಾನಗಳಷ್ಟು ಉದ್ದ. ಮುರಿತ ಅಡ್ಡವೋ ಓರೆಯೋ ಸುರುಳಿಯೋ ಚೂರುಚೂರೋ, ತುದಿಗಳು ಜಾರಿವೆಯೋ ಇಲ್ಲವೋ, ಕಾಲು ಎಡವೋ ಬಲವೋ ಎಂಬುದೆಲ್ಲ ಮೊದಲ ಆರು ಸ್ಥಾನಗಳಲ್ಲಿ ಬರುತ್ತದೆ. ಏಳನೆಯ ಅಕ್ಷರ ಗಾಯದ ಕಥೆಯನ್ನು ಹೇಳುತ್ತದೆ: ಚಿಕಿತ್ಸೆ ನಡೆಯುತ್ತಿರುವ ಮುಚ್ಚಿದ ಮುರಿತಕ್ಕೆ ಎ, ಒಂದು ಮತ್ತು ಎರಡನೆಯ ದರ್ಜೆಯ ತೆರೆದ ಮುರಿತಕ್ಕೆ ಬಿ, 3ಎಯಿಂದ 3ಸಿವರೆಗಿನದಕ್ಕೆ ಸಿ. ಬಲ ತೊಡೆಮೂಳೆಯ ಕಾಂಡ ಚೂರಾಗಿ ಜಾರಿ, ಮೂರನೆಯ ದರ್ಜೆಯ ಗಾಯವಾಗಿದ್ದರೆ ಎಸ್72.351ಸಿ. ಅದೇ ರೋಗಿ ತಿಂಗಳುಗಳ ನಂತರ ಮೂಳೆ ಕೂಡದೆ ಮರಳಿ ಬಂದರೆ ಕೊನೆಯ ಅಕ್ಷರ ಎನ್ ಆಗುತ್ತದೆ, ವಕ್ರವಾಗಿ ಕೂಡಿ ಬಂದರೆ ಆರ್. ಅಂದರೆ ಮೊದಲ ದಿನದ ಗಾಯ ಎಷ್ಟು ಗಂಭೀರವಾಗಿತ್ತೆಂಬ ನೆನಪು ಕೊನೆಯ ದಿನದ ಕೋಡಿನಲ್ಲಿಯೂ ಉಳಿದಿರುತ್ತದೆ.

ಅಲ್ಲಿಯ ಒಂದು ಆಸ್ಪತ್ರೆಯ ಗಾಯಾಳುವಿನ ತೊಡೆಯ ಗಾಯದ ದರ್ಜೆ ಏನೆಂದು ಬೆಂಗಳೂರಿನ ಯುವಕ ಯುವತಿಯರು ದಿನವೂ ಕಂಪ್ಯೂಟರಿನ ಮುಂದೆ ಕುಳಿತು ಅಕ್ಷರ ಅಕ್ಷರ ಹುಡುಕಿ ನಮೂದಿಸುತ್ತಾರೆ. ಅವರಲ್ಲಿ ಅನೇಕರು ಮಂಡ್ಯ, ಹಾಸನ, ಚಿತ್ರದುರ್ಗ, ಕಲಬುರಗಿಗಳಿಂದ ಬಂದವರು. ಅವರ ಸ್ವಂತ ಊರಿನ ಅಪಘಾತದಲ್ಲಿ ಮುರಿದ ತೊಡೆಗೆ ನಾಲ್ಕು ಸ್ಥಾನದ ಕೋಡ್ ಸಿಕ್ಕರೆ ಪುಣ್ಯ. ಕೌಶಲ ಇಲ್ಲವೆಂಬ ನೆಪವನ್ನು ಆದ್ದರಿಂದ ಯಾರೂ ಹೇಳುವಂತಿಲ್ಲ. ಕೌಶಲ ಇಲ್ಲಿಯೇ ಇದೆ, ಅದನ್ನು ಕೇಳಿದವರು ಬೇರೆಯವರು.

ಹಾಗೆಂದು ಅಮೆರಿಕದ ಪಟ್ಟಿಯನ್ನೇ ಇಲ್ಲಿ ತಂದು ಹೇರಿ ಎಂದು ನಾನು ಕೇಳುತ್ತಿಲ್ಲ. ಅದು ಬಿಲ್ಲಿಂಗ್‌ಗಾಗಿ ಬೆಳೆದ ಗಿಡ; ಅದರ ಅರ್ಧ ಕೊಂಬೆಗಳು ನಮಗೆ ಬೇಡ. ಅದರಲ್ಲೂ ಲೋಪಗಳಿವೆ. ಒಂದನೆಯ ಮತ್ತು ಎರಡನೆಯ ದರ್ಜೆಗಳನ್ನು ಒಂದೇ ಅಕ್ಷರದಲ್ಲಿ ಕಟ್ಟಿಹಾಕಿರುವುದರಿಂದ ಅವೆರಡನ್ನು ಬೇರ್ಪಡಿಸಲಾಗುವುದಿಲ್ಲ. ಫ್ಲ್ಯಾಪ್ ಬೇಕಾದ ಗಾಯವೂ ಬೇಡವಾದ ಗಾಯವೂ ಸಿ ಎಂಬ ಒಂದೇ ಚೀಲದಲ್ಲಿವೆ. ದರ್ಜೆ ಬರೆಯದ ತೆರೆದ ಮುರಿತ ತಾನಾಗಿ ಬಿಗೆ ಹೋಗುತ್ತದೆ, ಅಂದರೆ ಅಲ್ಲಿಯೂ ಮೌನ ಗಾಯವನ್ನು ಹಗುರಾಗಿಸುತ್ತದೆ. ಇದಕ್ಕಿಂತ ದೊಡ್ಡ ಅಪಾಯ ಎರಡು ಪಟ್ಟಿಗಳನ್ನು ಬೆರೆಸುವುದರಲ್ಲಿದೆ. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲಿ ಎಸ್72.30 ಎಂದರೆ ಕಾಂಡದ ಮುಚ್ಚಿದ ಮುರಿತ; ಅಮೆರಿಕದ ಪಟ್ಟಿಯಲ್ಲಿ ಅದೇ ಅಂಕಿಗಳಿಂದ ಆರಂಭವಾಗುವ ಕೋಡ್ ಎಂದರೆ ಯಾವ ಬಗೆಯದೆಂದು ಹೇಳದ ಕಾಂಡದ ಮುರಿತ, ಅದು ತೆರೆದದ್ದೂ ಆಗಿರಬಹುದು. ಅಂತರ್ಜಾಲದಿಂದ ಇಳಿಸಿಕೊಂಡ ಪಟ್ಟಿಯನ್ನು ಆಸ್ಪತ್ರೆಯ ಸಾಫ್ಟ್‌ವೇರಿಗೆ ತುಂಬಿದವರು ಯಾವುದನ್ನು ತುಂಬಿದರೆಂದು ಒಮ್ಮೆ ವಿಚಾರಿಸಿ ನೋಡುವುದು ಒಳ್ಳೆಯದು.

ಆಸ್ಟ್ರೇಲಿಯ ಬೇರೊಂದು ದಾರಿ ಹಿಡಿದಿದೆ. ಅಲ್ಲಿ ಮುರಿತಕ್ಕೆ ಒಂದು ಕೋಡ್, ಆ ಮುರಿತಕ್ಕೆ ಸಂಪರ್ಕವಿರುವ ತೆರೆದ ಗಾಯಕ್ಕೆ ಪ್ರತ್ಯೇಕವಾಗಿ ಇನ್ನೊಂದು. ಮೂಲ ಐಸಿಡಿ-10ರಲ್ಲಿಯೂ ಎಸ್72.3ರ ಜೊತೆ ತೊಡೆಯ ತೆರೆದ ಗಾಯದ ಎಸ್71.1 ಸೇರಿಸಬಹುದು, ಆದರೆ ಆ ಗಾಯ ಮುರಿತದವರೆಗೆ ಇಳಿದಿದೆಯೋ ಅಥವಾ ಪಕ್ಕದಲ್ಲಿ ಆದ ಬರಿಯ ತರಚುಗಾಯವೋ ಎಂದು ಅದರಿಂದ ತಿಳಿಯುವುದಿಲ್ಲ. ರಕ್ತನಾಳಕ್ಕೆ ಪೆಟ್ಟಾಗಿದ್ದರೆ ಎಸ್75, ನರಕ್ಕಾಗಿದ್ದರೆ ಎಸ್74 ಸೇರಿಸಬೇಕು. ಅಪಘಾತ ಹೇಗಾಯಿತೆಂದು ಹೇಳುವ ಇಪ್ಪತ್ತನೆಯ ಅಧ್ಯಾಯದ ಕೋಡ್ ಬೈಕ್ ಸವಾರನಿಗೆ ಒಂದು, ಪಾದಚಾರಿಗೆ ಇನ್ನೊಂದು, ಕೃಷಿಯಂತ್ರಕ್ಕೆ ಸಿಕ್ಕವನಿಗೆ ಮತ್ತೊಂದು; ನಮ್ಮ ಕಡತಗಳಲ್ಲಿ ನಾನು ಅತಿ ಕಡಿಮೆ ಕಂಡದ್ದು ಇದನ್ನೇ.

ತಪ್ಪು ಕೋಡಿನ ಪರಿಣಾಮ ಮೊದಲ ದಾಖಲಾತಿಗಿಂತ ಎರಡನೆಯ, ಮೂರನೆಯ ದಾಖಲಾತಿಯಲ್ಲಿ ಹೆಚ್ಚು ನೋವುಂಟುಮಾಡುತ್ತದೆ. ತೊಡೆಯಲ್ಲಿ ರಾಡ್ ಹಾಕಿಸಿಕೊಂಡು ಹೋದವನು ಕೀವು ಸೋರುತ್ತಿದೆಯೆಂದು ಮರಳಿ ಬರುತ್ತಾನೆ. ಆಗ ಒಳಗಿಟ್ಟ ಲೋಹದ ಸೋಂಕಿಗೆ ಟಿ84.6, ಮೂಳೆಯ ಸೋಂಕಿಗೆ ಎಂ86, ಮೂಳೆ ಕೂಡದಿದ್ದರೆ ಎಂ84.1 ಎಂಬ ಕೋಡ್ ಬೀಳುತ್ತದೆ. ಹಿಂದಿನ ಕಡತದಲ್ಲಿ ಮುಚ್ಚಿದ ಮುರಿತ ಎಂದಿದ್ದರೆ ಈ ಸೋಂಕು ಎಲ್ಲಿಂದ ಬಂತು? ಕಾಗದವನ್ನಷ್ಟೇ ಓದುವವರಿಗೆ ಅದು ಶಸ್ತ್ರಚಿಕಿತ್ಸೆಯ ಲೋಪದಂತೆ ಕಾಣುತ್ತದೆ. ಹೊಲದ ಮಣ್ಣು ಮೆತ್ತಿದ ಗಾಯವನ್ನು ನಡುರಾತ್ರಿ ತೊಳೆದು ಕಾಲು ಉಳಿಸಿಕೊಟ್ಟ ವೈದ್ಯರ ವಿಭಾಗ ಸೋಂಕಿನ ಪಟ್ಟಿಯಲ್ಲಿ ಮೇಲಕ್ಕೇರುತ್ತದೆ. ಗಾಯಾಳುವಿನ ಕಡೆಯಿಂದ ನೋಡಿದರೆ ಪರಿಹಾರದ ನ್ಯಾಯಮಂಡಳಿಯಲ್ಲಿ ಆತನ ವಕೀಲರು ಮುಂದಿಡುವುದು ಇದೇ ಸಮರಿಯನ್ನು. ಎರಡು ವರ್ಷ ಕುಂಟಿದ ಕಾಲಿಗೆ ಕಾರಣವಾದ ಗಾಯ ಅದರಲ್ಲಿ ಸರಳ ಮುರಿತವಾಗಿ ನಮೂದಾಗಿದ್ದರೆ ಎದುರಿನ ವಿಮಾ ಕಂಪನಿಯ ವಕೀಲರು ಅದನ್ನು ಬಿಟ್ಟಾರೆಯೇ?

ಸರ್ಕಾರದ ಯೋಜನೆಗಳಿಗೂ ಇದು ತಾಗುತ್ತದೆ. 2016ರಲ್ಲಿ ರಾಜ್ಯ ಸರ್ಕಾರ ಆರಂಭಿಸಿದ ಮುಖ್ಯಮಂತ್ರಿಗಳ ಸಾಂತ್ವನ ಹರೀಶ್ ಯೋಜನೆ ಅಪಘಾತದ ಮೊದಲ 48 ಗಂಟೆಗಳ ಚಿಕಿತ್ಸೆಗೆ 25,000 ರೂಪಾಯಿವರೆಗೆ ನೆರವು ಗೊತ್ತುಮಾಡಿತು. ಕೇಂದ್ರ ಸರ್ಕಾರ 2025ರ ಮೇ ತಿಂಗಳಲ್ಲಿ ಅಧಿಸೂಚನೆ ಹೊರಡಿಸಿದ ನಗದುರಹಿತ ಚಿಕಿತ್ಸಾ ಯೋಜನೆ ಏಳು ದಿನಗಳ ಅವಧಿಗೆ 1.5 ಲಕ್ಷ ರೂಪಾಯಿವರೆಗೆ ಕೊಡುತ್ತದೆ. ಎರಡೂ ಒಳ್ಳೆಯ ಕೆಲಸಗಳೇ. ಮುಚ್ಚಿದ ಮುರಿತಕ್ಕೆ ನೈಲ್ ಹಾಕಿಸಿಕೊಂಡವನು ಏಳು ದಿನದಲ್ಲಿ ವಾಕರ್ ಹಿಡಿದು ಮನೆಗೆ ಹೋಗಬಹುದು. 3ಬಿ ದರ್ಜೆಯ ಗಾಯ ಏಳು ದಿನದಲ್ಲಿ ಮುಗಿಯುವಂಥದ್ದಲ್ಲ: ಒಂದೆರಡು ದಿನ ಬಿಟ್ಟು ಮತ್ತೆ ತೊಳೆಯಬೇಕು, ಪ್ಲಾಸ್ಟಿಕ್ ಸರ್ಜನ್ ಫ್ಲ್ಯಾಪ್ ಮಾಡಬೇಕು, ಹೊರಗಿನ ಫಿಕ್ಸೇಟರ್ ತೆಗೆದು ಒಳಗೆ ರಾಡ್ ಹಾಕಬೇಕು, ಮುಂದೆ ಮೂಳೆ ಕಸಿಯೂ ಬೇಕಾಗಬಹುದು. ಎಂಟನೆಯ ದಿನ ಆತ ಆಯುಷ್ಮಾನ್ ಭಾರತ್ - ಆರೋಗ್ಯ ಕರ್ನಾಟಕದ ಕಾರ್ಡಿನ ಕಡೆ ತಿರುಗುತ್ತಾನೆ, ಕಾರ್ಡಿನ ಮಿತಿಯೂ ಮುಗಿದರೆ ಬಡ್ಡಿಸಾಲದ ಕಡೆ. ಎಷ್ಟು ಜನರಿಗೆ ಏಳು ದಿನ ಸಾಲುವುದಿಲ್ಲ ಎಂದು ಯೋಜನೆ ರೂಪಿಸುವವರು ತಿಳಿಯಬೇಕಾದರೆ ದರ್ಜೆ ಬೇಕೇ ಬೇಕು.

ಕೇಂದ್ರ ರಸ್ತೆ ಸಾರಿಗೆ ಸಚಿವಾಲಯದ ವರದಿಯ ಪ್ರಕಾರ 2022ರಲ್ಲಿ ದೇಶದಲ್ಲಿ 4,61,312 ಅಪಘಾತಗಳಾಗಿ 1,68,491 ಜನ ಸತ್ತರು, 4,43,366 ಜನ ಗಾಯಗೊಂಡರು. ಇದು ಪೊಲೀಸ್ ದಾಖಲೆಗಳ ಲೆಕ್ಕ. ಸತ್ತವರ ಬಗ್ಗೆ ಅದು ಬಹಳಷ್ಟನ್ನು ಹೇಳುತ್ತದೆ. ಗಾಯಗೊಂಡವರನ್ನು ತೀವ್ರ ಮತ್ತು ಸಣ್ಣ ಎಂದು ವಿಂಗಡಿಸುತ್ತದೆ. ಹಲ್ಲು ಮುರಿದರೂ ಕಾನೂನಿನ ಕಣ್ಣಿನಲ್ಲಿ ತೀವ್ರ ಗಾಯ, ತೊಡೆ ಛಿದ್ರವಾದರೂ ತೀವ್ರ ಗಾಯ. ಅಲ್ಲಿಂದ ಮುಂದಿನ ವಿವರ ಕೊಡಬೇಕಾದದ್ದು ಆಸ್ಪತ್ರೆಯ ಕೋಡ್, ಮತ್ತು ಯಾವ ಜಿಲ್ಲೆಗೆ ಪ್ಲಾಸ್ಟಿಕ್ ಸರ್ಜನ್ ಬೇಕು, ಯಾವ ಹೆದ್ದಾರಿಯ ಬದಿಯ ಆಸ್ಪತ್ರೆಯಲ್ಲಿ ರಕ್ತನಿಧಿ ಬೇಕು ಎಂಬ ಪ್ರಶ್ನೆಗಳಿಗೆ ಉತ್ತರ ಹುಟ್ಟುವುದೂ ಅಲ್ಲಿಂದಲೇ.

ನನ್ನ ಕೋರಿಕೆ ಹೀಗಿದೆ. ಸರ್ಕಾರಿ ಆಸ್ಪತ್ರೆಗಳ ಡಿಸ್ಚಾರ್ಜ್ ಸಮರಿಯ ನಮೂನೆಯಲ್ಲಿಯೂ, ಸರ್ಕಾರದ ಆರೋಗ್ಯ ಯೋಜನೆಗಳನ್ನು ನಡೆಸುವ ಸುವರ್ಣ ಆರೋಗ್ಯ ಸುರಕ್ಷಾ ಟ್ರಸ್ಟ್‌ನ ಪ್ರೀ-ಆಥರೈಸೇಷನ್ (ಚಿಕಿತ್ಸೆಗೆ ಮುಂಗಡ ಅನುಮತಿ) ಮತ್ತು ಕ್ಲೇಮ್ ಪರದೆಗಳಲ್ಲಿಯೂ, ಮುರಿತ ಎಂಬ ರೋಗನಿರ್ಣಯ ನಮೂದಾದ ತಕ್ಷಣ ಮೂರು ವಿವರಗಳನ್ನು ಕಡ್ಡಾಯವಾಗಿ ಕೇಳಬೇಕು: ಯಾವ ಕಾಲು, ತೆರೆದದ್ದೋ ಮುಚ್ಚಿದ್ದೋ, ತೆರೆದದ್ದಾದರೆ ಗಸ್ಟಿಲೊ ದರ್ಜೆ ಯಾವುದು. ತೆರೆದ-ಮುಚ್ಚಿದ ಎಂಬ ಆಯ್ಕೆಯಲ್ಲಿ ಯಾವುದೂ ಮೊದಲೇ ಆಯ್ಕೆಯಾಗಿರಬಾರದು. ವೈದ್ಯರು ಒಂದನ್ನು ಒತ್ತುವ ತನಕ ಪರದೆ ಮುಂದೆ ಹೋಗಬಾರದು. ಒಂದು ಬೆರಳೊತ್ತಿನ ಕೆಲಸ ಇದು. ದರ್ಜೆಯನ್ನು ಮಾತ್ರ ಕ್ಯಾಶುವಾಲಿಟಿಯಲ್ಲಿ ಅಲ್ಲ, ಗಾಯವನ್ನು ಥಿಯೇಟರಿನಲ್ಲಿ ಬಿಡಿಸಿ ತೊಳೆದ ಮೇಲೆ, ಅದನ್ನು ಕಣ್ಣಾರೆ ಕಂಡ ಶಸ್ತ್ರಚಿಕಿತ್ಸಕರೇ ಬರೆಯಬೇಕು. ಐಸಿಡಿ-10ರ ಐದನೆಯ ಸ್ಥಾನವನ್ನು ರಾಜ್ಯದಲ್ಲಿ ಐಚ್ಛಿಕವಲ್ಲ, ಅಗತ್ಯ ಎಂದು ಒಂದು ಸುತ್ತೋಲೆಯಲ್ಲಿ ತಿಳಿಸಬೇಕು. ತಾಲ್ಲೂಕು ಆಸ್ಪತ್ರೆಯ ರೆಫರಲ್ ಚೀಟಿಯಲ್ಲಿ ಗಾಯಕ್ಕೆ ಹೊಲಿಗೆ ಹಾಕುವ ಮೊದಲು ಅದು ಹೇಗಿತ್ತೆಂಬ ಒಂದು ಸಾಲು ಮತ್ತು ಮೊದಲ ಆಂಟಿಬಯಾಟಿಕ್ ಕೊಟ್ಟ ಗಂಟೆ ಇರಬೇಕು.

ವೈದ್ಯರಿಗೆ ಹೊರೆಯಾಗುತ್ತದೆ ಎಂಬ ಆಕ್ಷೇಪವನ್ನು ನಾನು ಹಗುರಾಗಿ ಕಾಣುವುದಿಲ್ಲ. ಒಂದೇ ರಾತ್ರಿ ನಾಲ್ಕಾರು ಅಪಘಾತದ ಕೇಸುಗಳನ್ನು ನೋಡುವ ಸ್ನಾತಕೋತ್ತರ ವಿದ್ಯಾರ್ಥಿಗೆ ಇನ್ನೊಂದು ಫಾರಂ ಬೇಡ. ನಾನು ಕೇಳುತ್ತಿರುವುದು ಫಾರಂ ಅಲ್ಲ. ಆತ ಹೇಗೂ ಗುರುಗಳಿಗೆ ಬೆಳಗಿನ ರೌಂಡ್ಸಿನಲ್ಲಿ ಬಾಯಿಯಲ್ಲಿ ಹೇಳುವ ಮಾತು, 'ಸರ್, ಓಪನ್ ಫೀಮರ್, ತ್ರೀ ಎ' ಎನ್ನುವ ಅದೇ ಮಾತು, ಸಮರಿಯವರೆಗೆ ಬರಲಿ ಎಂಬುದಷ್ಟೆ. ಎರಡನೆಯ ಆಕ್ಷೇಪ ಹಣದ್ದು. ದರ್ಜೆ ಏರಿದಂತೆ ಪ್ಯಾಕೇಜ್ ದರ ಏರುವುದಾದರೆ ಎಲ್ಲ ಗಾಯಗಳೂ ರಾತ್ರೋರಾತ್ರಿ 3ಬಿ ಆಗಿಬಿಡುತ್ತವೆ ಎಂಬ ಭಯ ಟ್ರಸ್ಟ್‌ನ ಅಧಿಕಾರಿಗಳಿಗೆ ಇದ್ದರೆ ಅದು ನ್ಯಾಯವಾದದ್ದೇ. ಆದ್ದರಿಂದ ಆರಂಭದಲ್ಲಿ ದರ್ಜೆಗೂ ಹಣಕ್ಕೂ ಗಂಟು ಹಾಕದಿರುವುದು ಉತ್ತಮ. ಎರಡು ವರ್ಷ ದರ್ಜೆಯನ್ನು ಕೇವಲ ದಾಖಲಿಸಿ; ಥಿಯೇಟರಿನಲ್ಲಿ ತೆಗೆದ ಗಾಯದ ಫೋಟೋವನ್ನು, ರೋಗಿಯ ಮುಖ ಕಾಣದಂತೆ, ಕಡತದಲ್ಲಿಡಿ; ಲೆಕ್ಕ ಸ್ಥಿರವಾದ ಮೇಲೆ ದರದ ಯೋಚನೆ ಮಾಡಿ.

ಐಸಿಡಿ-11 ಬರುತ್ತಿದೆಯಲ್ಲ, ಆಗ ಎಲ್ಲ ಸರಿಹೋಗುತ್ತದೆ ಎಂಬ ಮಾತನ್ನೂ ಕೇಳಿದ್ದೇನೆ. 2019ರಲ್ಲಿ ಅಂಗೀಕಾರವಾಗಿ 2022ರ ಜನವರಿ 1ರಿಂದ ಜಾರಿಗೆ ಬಂದ ಆ ಪಟ್ಟಿಯಲ್ಲಿ ಮೂಲ ಕೋಡಿಗೆ ಬೇಕಾದಷ್ಟು ವಿಸ್ತರಣಾ ಕೋಡ್‌ಗಳನ್ನು ಜೋಡಿಸಿ ಎಡ-ಬಲ, ತೆರೆದ-ಮುಚ್ಚಿದ ಎಲ್ಲವನ್ನೂ ಹೇಳಬಹುದು, ನಿಜ. ಆದರೆ ಜೋಡಿಸಲು ವಿವರ ಕಡತದಲ್ಲಿರಬೇಕು. ಭಾರತದ ವಿದ್ಯುನ್ಮಾನ ಆರೋಗ್ಯ ದಾಖಲೆಗಳ 2016ರ ಮಾನದಂಡಗಳು ಐಸಿಡಿ-10ರ ಜೊತೆ ವೈದ್ಯಕೀಯ ಪದಗಳ ಪ್ರಮಾಣಿತ ಕೋಶವಾದ ಸ್ನೋಮೆಡ್ ಸಿಟಿಯನ್ನೂ ಶಿಫಾರಸು ಮಾಡಿವೆ, ಅದನ್ನು ಬಳಸಲು ನಮ್ಮ ದೇಶದಲ್ಲಿ ಶುಲ್ಕವೂ ಇಲ್ಲ. ಅಲ್ಲಿಯೂ ಇದೇ ಮಾತು.

ಮೊದಲ ಹೆಜ್ಜೆಗೆ ಸುತ್ತೋಲೆಗಾಗಿಯೂ ಕಾಯಬೇಕಾಗಿಲ್ಲ. ಒಂದು ಸರ್ಕಾರಿ ವೈದ್ಯಕೀಯ ಕಾಲೇಜಿನ ಆಸ್ಪತ್ರೆ, ಒಂದು ಜಿಲ್ಲಾಸ್ಪತ್ರೆ ಮತ್ತು ಟ್ರಸ್ಟ್‌ನ ಪಟ್ಟಿಯಲ್ಲಿರುವ ಒಂದು ಖಾಸಗಿ ಆಸ್ಪತ್ರೆಯಲ್ಲಿ ಕಳೆದ ವರ್ಷ ಎಸ್72 ಎಂದು ನಮೂದಾದ ಕಡತಗಳನ್ನು ತೆಗೆದು, ಓಟಿ ಟಿಪ್ಪಣಿಯಲ್ಲಿ ಏನಿದೆ, ಸಮರಿಯಲ್ಲಿ ಏನಿದೆ, ಕೋಡ್ ಏನು ಬಿದ್ದಿದೆ ಎಂದು ಪಕ್ಕಪಕ್ಕ ಇಟ್ಟು ನೋಡಿ. ಹೆಸರು ವಿಳಾಸಗಳನ್ನು ಅಳಿಸಿ ಕೊಟ್ಟರೆ ಈ ಕೆಲಸವನ್ನು ಬಿಡುವಿನ ವೇಳೆಯಲ್ಲಿ ಸಂಬಳವಿಲ್ಲದೆ ಮಾಡಿಕೊಡಲು ಬೆಂಗಳೂರಿನಲ್ಲಿರುವ ನನ್ನಂಥ ಕೋಡರ್‌ಗಳು ಸಿದ್ಧರಿದ್ದೇವೆ. ಇಲಾಖೆಯಿಂದ ನಮಗೆ ಬೇಕಾದದ್ದು ಒಂದು ಅನುಮತಿ ಪತ್ರ, ಮತ್ತು ಸಂದೇಹ ಬಂದಾಗ ಕೇಳಲು ಪ್ರತಿ ಆಸ್ಪತ್ರೆಯಲ್ಲಿ ಒಬ್ಬ ಮೂಳೆ ವೈದ್ಯರು.

ಇಂತಿ,
ಒಬ್ಬ ವೈದ್ಯಕೀಯ ಕೋಡರ್,
ಬೆಂಗಳೂರು